ತಲೆಕಡೆಯ ಹಗ್ಗ

"ಎಳೀಬೇಡಿ ವಿಲ್ಫ್ ಮಾಮ, ಎತ್ತಿ. ಎಳೆದ್ರೆ ಕಾಲು ಮುರಿಯುತ್ತೆ," ಎಂದಳು ಊನಾ.

"ಯಾರ ಕಾಲು? ಬೀರುವಿಂದೋ ನಂದೋ?"

"ಎರಡೂ ಹಳೇವೇ. ಎತ್ತಿ."

ವಿಲ್ಫ್ ಟ್ರಾಂಟರ್ ಉಸಿರು ಬಿಗಿಹಿಡಿದು ಬೀರುವಿನ ಅಡಿಗೆ ಬೆರಳು ತೂರಿಸಿದ. ಅರವತ್ತನಾಲ್ಕು ವರ್ಷದ ಬೆನ್ನು ಕಟಕ್ಕೆಂದಿತು. ಬೀರು ನಾಲ್ಕು ಬೆರಳಷ್ಟು ಸರಿದು ಮತ್ತೆ ಕೂತಿತು. ಅಡುಗೆಮನೆಯ ಬಾಗಿಲಿಗೆ ಕುರ್ಚಿ ಹಾಕಿಸಿಕೊಂಡಿದ್ದ ಪಕ್ಕದ ಮನೆಯ ನ್ಯಾನ್ ಪರ್ಡಿ ಊರುಗೋಲಿನಲ್ಲೇ ದಾರಿ ತೋರಿಸುತ್ತಿದ್ದಳು. ಎಂಬತ್ತಾರು ದಾಟಿದ ಆಕೆಗೆ ಕಣ್ಣು ಮಂಜಾಗಿತ್ತು, ನಾಲಿಗೆಗೆ ಏನೂ ಆಗಿರಲಿಲ್ಲ.

"ಬಲಕ್ಕೆ. ಬಲಕ್ಕೆ ಅಂದೆ. ನಿನ್ನ ಬಲ ಅಲ್ಲ ಕಣೋ, ನನ್ನ ಬಲ. ಇಂಗ್ಲೆಂಡಿನವರಿಗೆ ಬಲ ಎಡ ಹೇಳಿಕೊಡೋದ್ರಲ್ಲೇ ನಮ್ಮ ಆಯುಸ್ಸು ಕಳೀತು."

ಕಿಟಕಿಯ ಪಕ್ಕ, ಎರಡು ಮರದ ಆಸರೆಗಳ ಮೇಲೆ, ಎಫೀ ಲಮೊಂಟಳ ಶವಪೆಟ್ಟಿಗೆ ಇತ್ತು. ಗುರುವಾರ ಬೆಳಗ್ಗೆ ಕೈಯಲ್ಲಿದ್ದ ಚಹಾ ಆರುವುದರೊಳಗೆ ಆಕೆ ಹೋಗಿಬಿಟ್ಟಿದ್ದಳು; ಎಂಬತ್ತೊಂದು ವರ್ಷ. ಇವತ್ತು ಎರಡು ಗಂಟೆಗೆ ಇದೇ ಮುಂಕೋಣೆಯಲ್ಲಿ ಪ್ರಾರ್ಥನೆ, ಆಮೇಲೆ ಗುಡ್ಡದ ಮೇಲಿನ ಸ್ಮಶಾನ. ಬೀರು ಇದ್ದಲ್ಲೇ ಇದ್ದರೆ ಪೆಟ್ಟಿಗೆ ಬಾಗಿಲಲ್ಲಿ ತಿರುಗುವುದಿಲ್ಲ ಎಂದು ಶವಸಂಸ್ಕಾರದ ಬ್ಲೇನ್ ಬೆಳಗ್ಗೆಯೇ ಅಳತೆ ಹಿಡಿದು ಹೇಳಿ ಹೋಗಿದ್ದ.

ಕೊನೆಗೂ ಬೀರು ನಡುಮನೆಗೆ ಬಂತು. ವಿಲ್ಫ್ ಅದಕ್ಕೇ ಒರಗಿ ಸುಧಾರಿಸಿಕೊಂಡ. ಕೋಟಿನ ಜೇಬಿನಲ್ಲಿ ಕಪ್ಪು ಅಂಚಿನ ಕಾರ್ಡು ಚುಚ್ಚಿತು. ಶನಿವಾರದ ಅಂಚೆಯಲ್ಲಿ ಬಂದಿದ್ದು. ಉದ್ದನೆಯ ಪೆಟ್ಟಿಗೆಯ ಚಿತ್ರ, ಸುತ್ತ ಎಂಟು ಅಂಕಿ. ತಲೆಕಡೆಯ ಒಂದಕ್ಕೆ ಪೆನ್ಸಿಲಿನ ಸುತ್ತು. ಇಂಗ್ಲೆಂಡಿನ ಅವನ ಊರಾದ ಡಡ್ಲಿಯಲ್ಲಿ ಪೆಟ್ಟಿಗೆಯನ್ನು ಗುಂಡಿಗೆ ಇಳಿಸುವುದು ಕೂಲಿಯವರು. ಇಲ್ಲಿ ಹಾಗಲ್ಲ. ಎಂಟು ಹಗ್ಗ, ಎಂಟು ಜನ, ಎಂಟೂ ತಮ್ಮವರೇ ಆಗಬೇಕು. ತಲೆಕಡೆಯದು ಹತ್ತಿರದ ರಕ್ತಕ್ಕೆ.

"ಊನಾ," ಎಂದ ಅವನು. "ಒಂದನೇದು ನೀನು ಹಿಡಿ. ಮಗಳು ನೀನು. ನಾನು ಯಾರು? ಐದು ತಿಂಗಳು ಬಾಡಿಗೆಗೆ ಇದ್ದವನು."

ಊನಾ ತಲೆಗೆ ಕಟ್ಟಿದ್ದ ವಸ್ತ್ರ ಬಿಚ್ಚಿ ಧೂಳು ಕೊಡವಿದಳು. ದೋಣಿಕಟ್ಟೆಯ ಟಿಕೆಟ್ ಕಿಂಡಿಯಲ್ಲಿ ಇಪ್ಪತ್ತೆರಡು ವರ್ಷ ಕೂತ ಹೆಂಗಸು. ಇಲ್ಲ ಅನ್ನುವುದು ಅವಳಿಗೆ ಕಷ್ಟವಲ್ಲ.

"ಅಮ್ಮ ಪಟ್ಟಿ ಬರೆಸಿಟ್ಟಿದಾಳೆ. ಒಂದು ನೀವು, ಎರಡು ನಾನು. 'ಅವನು ತಪ್ಪಿಸ್ಕೊಳ್ಳೋಕೆ ನೋಡ್ತಾನೆ, ಬಿಡಬೇಡ' ಅಂತಾನೂ ಹೇಳಿದಾಳೆ."

"ಹೆಂಗಸರ ಕೈಗೆ ಹಗ್ಗ," ಎಂದಳು ನ್ಯಾನ್. "ನಮ್ಮ ಕಾಲದಲ್ಲಿ ಗಂಡಸರು ಹೂಳೋಕೆ ಹೋದ್ರೆ ನಾವು ಮನೇಲಿದ್ದು ಬಂದವರ ಊಟಕ್ಕೆ ಹಂದಿಮಾಂಸ ಕೊಯ್ತಿದ್ವಿ. ಎಫೀ ಸಾಯೋವಾಗಲೂ ರೂಢಿ ಕೆಡಿಸಿಯೇ ಹೋದ್ಲು. ಇಸ್ಪೀಟಲ್ಲೂ ಹಂಗೇ, ಎಲೆ ನುಂಗೋಳು. ಐವತ್ತು ವರ್ಷ ನೋಡೂ ನೋಡದ ಹಂಗೆ ಇದ್ದೆ."

"ನೀವೂ ನುಂಗ್ತಿದ್ರಿ ಅಂತ ಅಮ್ಮ ಹೇಳ್ತಿದ್ಲು."

"ಮತ್ತೆ, ಒಬ್ಬಳೇ ನುಂಗಿದ್ರೆ ಅದು ಮೋಸ ಆಗಲ್ವೇನೇ."

ವಿಲ್ಫ್ ನಕ್ಕ. ನಿನ್ನೆ ಸಂಜೆ ರೈಲಿಳಿದಾಗಿನಿಂದ ಅಂಗಡಿಯವನು, ದೋಣಿಯವನು, ಮಾಂಸದ ಪೈ ತಂದುಕೊಟ್ಟವಳು, ಎಲ್ಲರೂ ಅವನ ಕೈಕುಲುಕಿ ಒಂದೇ ಮಾತು ಹೇಳಿದ್ದರು: ನೀವೇ ತಾನೇ, ಲಮೊಂಟಮ್ಮನ ಕಮಾಂಡೊ? ಸುಮಾರು ನಲವತ್ತು ವರ್ಷದಿಂದ ಅವನು ಅದಕ್ಕೆ ಹೌದು ಅಂದಿದ್ದ, ಇಲ್ಲವೇ ಸುಮ್ಮನಿದ್ದ.

ಒಂದು ಗಂಟೆಗೆ ಪಾದ್ರಿ ಕಾಲಿನ್ ಆರ್ ಬಂದ. ಊರಿಗೆ ಬಂದು ಎಂಟು ತಿಂಗಳಾದ ಎಳೆಯ ಮನುಷ್ಯ. ಎಲ್ಲವನ್ನೂ ಕಾಗದದಲ್ಲಿ ಬರೆದುಕೊಳ್ಳುವವನು.

"ಮಿಸ್ಟರ್ ಟ್ರಾಂಟರ್, ಒಂದು ಸಣ್ಣ ವಿಷಯ. ನೀವು ಫ್ರಾನ್ಸಿನ ದಡಕ್ಕೆ ದಾಳಿಗೆ ಹೋಗಿದ್ದು ಏಪ್ರಿಲ್ ತಿಂಗಳು ಅಲ್ವೇ?"

"ದಾಳಿ ಆಗಿದ್ದು ಏಪ್ರಿಲ್," ಎಂದ ವಿಲ್ಫ್. ಅದು ಸುಳ್ಳಲ್ಲ.

ಪಾದ್ರಿ ಬರೆದುಕೊಂಡ. ಕರೆದು ನಿಲ್ಲಿಸಬೇಕೆಂದು ವಿಲ್ಫ್ ಬಾಯಿ ತೆರೆಯುವಷ್ಟರಲ್ಲಿ ಬೀದಿಬಾಗಿಲ ಗಂಟೆ ಸದ್ದಾಯಿತು. ಊನಾ ತೆಗೆದಳು. ಮೆಟ್ಟಿಲ ಮೇಲೆ ಕಮಾಂಡೊಗಳ ಹಸಿರು ಟೋಪಿ ಹಾಕಿದ ಒಬ್ಬ ಮುದುಕ ನೆಟ್ಟಗೆ ನಿಂತಿದ್ದ. ಎದೆಯ ಮೇಲೆ ಪದಕಗಳು, ಕೈಯಲ್ಲಿ ಹಳದಿ ಹೂವಿನ ಗೊಂಚಲು.

"ಬನ್ನಿ ಬನ್ನಿ ಮಿಸ್ಟರ್ ಗೆಡ್ಡಿಸ್. ವಿಲ್ಫ್ ಮಾಮ, ಇವರ ಗುರುತು ಸಿಕ್ತಾ? ನಿಮ್ಮ ಸಾರ್ಜೆಂಟ್."

ಟ್ಯಾಮ್ ಗೆಡ್ಡಿಸ್ ಟೋಪಿ ತೆಗೆಯಲಿಲ್ಲ. ವಿಲ್ಫ್‌ನನ್ನು ತಲೆಯಿಂದ ಬೂಟಿನವರೆಗೆ ಒಮ್ಮೆ ನೋಡಿದ; ಆ ನೋಟಕ್ಕೆ ವಯಸ್ಸಾಗಿರಲಿಲ್ಲ.

"ಟ್ರಾಂಟರ್," ಎಂದ. "ಕಾಲು ಹೇಗಿದೆ?"

❖

೧೯೪೧ರ ನವೆಂಬರಿನಲ್ಲಿ ವಿಲ್ಫ್ ಮತ್ತು ಸಿರಿಲ್ ಓಕ್ಸ್ ಈ ಬೀದಿಯ ಬಾಗಿಲುಗಳನ್ನು ಒಂದೊಂದಾಗಿ ತಟ್ಟುತ್ತ ಬಂದಿದ್ದರು. ಕಮಾಂಡೊಗಳಿಗೆ ಬ್ಯಾರಕ್ಕಿಲ್ಲ, ಅಡುಗೆಭಟ್ಟನಿಲ್ಲ, ಬೆಳಗ್ಗೆ ಎಬ್ಬಿಸುವ ತುತ್ತೂರಿಯಿಲ್ಲ. ಸರ್ಕಾರ ಕೊಡುವ ಭತ್ಯೆಯಲ್ಲಿ ಯಾರದಾದರೂ ಮನೆಯಲ್ಲಿ ತಮ್ಮ ಊಟ ಹಾಸಿಗೆ ತಾವೇ ಹುಡುಕಿಕೊಳ್ಳಬೇಕು. ಇಷ್ಟು ಮಾಡಿಕೊಳ್ಳಲಾಗದವನು ಶತ್ರುವಿನ ದಡದಲ್ಲಿ ಕತ್ತಲಲ್ಲಿ ಇಳಿದು ಏನು ಕಡಿದಾನು ಎಂಬುದು ಮೇಲಿನವರ ಯೋಚನೆ.

ಎಫೀ ಬಾಗಿಲಿನಲ್ಲಿ ನಿಂತು ಇಬ್ಬರನ್ನೂ ಅಳೆದಿದ್ದಳು. ಹಡಗಿನ ಬೆಂಕಿಗೂಡಿಗೆ ಕಲ್ಲಿದ್ದಲು ತುಂಬುತ್ತಿದ್ದ ಗಂಡ ಎದೆರೋಗದಲ್ಲಿ ಸತ್ತು ಮೂರು ವರ್ಷ. ಬೇಸಿಗೆಯಲ್ಲಿ ಸಮುದ್ರಸ್ನಾನಕ್ಕೆ ಗ್ಲಾಸ್ಗೋದಿಂದ ಬರುವವರಿಗೆ ಮುಂಕೋಣೆ ಕೊಟ್ಟು ಮಗುವನ್ನು ಸಾಕುತ್ತಿದ್ದವಳು. ಯುದ್ಧ ಬಂದ ಮೇಲೆ ಅವರೂ ಇಲ್ಲ.

"ಗೊರಕೆ ಹೊಡೀತೀರಾ?"

"ಇವನು ಹೊಡೀತಾನೆ," ಎಂದ ಸಿರಿಲ್. "ನಾನು ಬರೀ ಕೇಳಿಸ್ಕೊಳ್ತೀನಿ."

ಅಷ್ಟಕ್ಕೇ ಮನೆ ಸಿಕ್ಕಿತು. ಬಾಗಿಲ ಹಿಂದೆ ಬೇಸಿಗೆಯವರಿಗೆಂದು ಬರೆದು ತೂಗುಹಾಕಿದ್ದ ನಿಯಮಗಳನ್ನು ಅವಳು ತೆಗೆಯಲಿಲ್ಲ. ಒಳಗೆ ಮರಳು ತರಬಾರದು. ಒದ್ದೆ ಬಟ್ಟೆ ಕಿಟಕಿಗೆ ಹಾಕಬಾರದು. ಹತ್ತರೊಳಗೆ ಮನೆ ಸೇರಬೇಕು. ಇಡೀ ದಿನ ದೋಣಿಯಿಂದ ನೀರಿಗೆ, ನೀರಿನಿಂದ ಬಂಡೆಗೆ ಹಾರಿ ಬಂದ ಇಬ್ಬರು ಆಳೆತ್ತರದ ಗಂಡಸರು ಹಿತ್ತಲಿನ ಬಟ್ಟೆ ಒಗೆಯುವ ಕೋಣೆಯಲ್ಲಿ ಮರಳು ಕೊಡವಿ, ಟವಲು ಸುತ್ತಿಕೊಂಡು, ಬೆಕ್ಕಿನಂತೆ ಹಿಂಬಾಗಿಲ ಮೆಟ್ಟಿಲು ಹತ್ತುತ್ತಿದ್ದರು. ಏಳು ವರ್ಷದ ಊನಾ ಮೇಲಿನ ಮೆಟ್ಟಿಲಲ್ಲಿ ಕೂತು ಅವರ ಪಾದ ನೋಡಿ ಪಾಸು ಫೇಲು ಹೇಳುತ್ತಿದ್ದಳು.

ಒಂದು ದಿನ ಸಿರಿಲ್ ತನ್ನ ಸೊಂಟದ ಕಠಾರಿ ತೆಗೆದು ಟರ್ನಿಪ್ ಹೆಚ್ಚಲು ಕೂತ. ಎರಡೂ ಕಡೆ ಮೊನಚು, ಹಿಡಿಯಲು ಬೆನ್ನಿಲ್ಲ; ಗಡ್ಡೆ ಮೇಜಿನಿಂದ ಜಾರಿ ಒಲೆಯ ಕೆಳಗೆ ಹೋಯಿತು.

"ಟರ್ನಿಪ್ಪಿಗೂ ಆಗದ ಚಾಕು," ಎಂದಳು ಎಫೀ. "ಇದನ್ನ ಹಿಡ್ಕೊಂಡು ಹಿಟ್ಲರನ ಮೇಲೆ ಹೋಗ್ತೀರಾ? ಹೋಗುವಾಗ ನನ್ನ ಚಾಕು ತಗೊಂಡು ಹೋಗಿ."

ವಿಲ್ಫ್‌ಗೆ ತಾಯಿ ಇರಲಿಲ್ಲ. ಚಿಕ್ಕಮ್ಮನ ಮನೆಯಲ್ಲಿ ಬೆಳೆದವನು. ಹದಿನಾಲ್ಕಕ್ಕೇ ಬೀಗದ ಕಾರ್ಖಾನೆ. ತಡವಾಗಿ ಬಂದರೆ ತಟ್ಟೆಯ ಮೇಲೆ ತಟ್ಟೆ ಮುಚ್ಚಿಟ್ಟು ಕಾಯುವ ಮನೆಯೊಂದು ಇರುತ್ತದೆಂದು ಅವನಿಗೆ ಇಪ್ಪತ್ತೊಂದನೇ ವಯಸ್ಸಿನಲ್ಲಿ ಗೊತ್ತಾಯಿತು.

❖

"ಕಾಲು ಚೆನ್ನಾಗಿದೆ ಸಾರ್ಜೆಂಟ್," ಎಂದ ವಿಲ್ಫ್.

ಗೆಡ್ಡಿಸ್ ತಲೆಯಾಡಿಸಿ ಒಳಗೆ ಹೋಗಿ, ಹೂವನ್ನು ಪೆಟ್ಟಿಗೆಯ ಮೇಲಿಟ್ಟು, ಆಮೇಲೆ ಟೋಪಿ ತೆಗೆದ. ವಿಲ್ಫ್ ಹಿತ್ತಲಿಗೆ ಬಂದು ಗೋಡೆ ಹಿಡಿದುಕೊಂಡ. ಪಶ್ಚಿಮದ ಗಾಳಿ ಬಟ್ಟೆ ಹಗ್ಗದ ಕಂಬಗಳನ್ನು ಕಿರುಗುಟ್ಟಿಸುತ್ತಿತ್ತು. ಇಷ್ಟು ವರ್ಷ ಇವನ ಮುಖಾಮುಖಿ ಆಗಿರಲಿಲ್ಲ. ಗೆಡ್ಡಿಸ್ ಪ್ರತಿ ನವೆಂಬರಿಗೆ ಯುದ್ಧದಲ್ಲಿ ಸತ್ತವರ ಸ್ಮಾರಕಕ್ಕೆ ಬರುತ್ತಾನೆಂದು ಗೊತ್ತಿತ್ತು; ವಿಲ್ಫ್ ಬರುತ್ತಿದ್ದುದು ಜುಲೈನಲ್ಲಿ. ಎಫೀಯೂ ಅವನನ್ನು ಯಾವತ್ತೂ ನವೆಂಬರಿಗೆ ಕರೆದಿರಲಿಲ್ಲ.

ಒಳಗೆ ಕುರ್ಚಿ ಎಳೆಯುವ ಸದ್ದು. ಜನ ಸೇರುತ್ತಿದ್ದರು. ಇನ್ನರ್ಧ ಗಂಟೆಗೆ ಪಾದ್ರಿ ಆ ಕಾಗದ ಓದುತ್ತಾನೆ. ಗೆಡ್ಡಿಸ್ ಎದ್ದು ನಿಂತು ಅದು ಸುಳ್ಳು ಅನ್ನಬಹುದು. ಅಥವಾ ಅನ್ನದೇ ಇರಬಹುದು. ಅನ್ನದಿದ್ದರೆ, ವಿಲ್ಫ್ ಆ ಹೆಸರು ಹೊತ್ತು ಹೋಗಿ ತಲೆಕಡೆಯ ಹಗ್ಗ ಹಿಡಿಯಬೇಕು. ಎರಡರಲ್ಲಿ ಯಾವುದಕ್ಕೆ ತಾನು ಹೆಚ್ಚು ಹೆದರುತ್ತಿದ್ದೇನೆಂದು ಅವನಿಗೆ ತಿಳಿಯಲಿಲ್ಲ.

ನಿಜ ಹೇಳಿಬಿಡಬಹುದು. ಆದರೆ ನಿಜದ ಅರ್ಧ ಅವನದಾಗಿರಲಿಲ್ಲ.

❖

೧೯೪೨ರ ಮಾರ್ಚ್. ಮೂರು ದಿನ ಬೆಟ್ಟದಲ್ಲಿ ಬೆನ್ನ ಮೇಲೆ ಹೊರೆ ಹೊತ್ತು ಅರವತ್ತು ಮೈಲಿ ನಡೆದು ಬಂದಿದ್ದರು. ವಿಲ್ಫ್‌ನ ಕಾಲುಚೀಲ ಚರ್ಮದ ಸಮೇತ ಬಂತು. ಎಫೀ ಉಪ್ಪುನೀರಿನ ಬೋಗುಣಿಯಲ್ಲಿ ಪಾದ ಇಡಿಸಿ, ಹಳೆಯ ದಿಂಬಿನ ಬಟ್ಟೆ ಹರಿದು ಸುತ್ತಿದಳು. ಮರುದಿನ ಬೆಳಗ್ಗೆ ಹತ್ತಕ್ಕೆ ಹದಿನೆಂಟು ಮೈಲಿ ಆಚೆಯ ದಕ್ಕೆಯಲ್ಲಿ ಹಾಜರಾಗಬೇಕೆಂದು ಆಜ್ಞೆ. ಹೇಗೆ ಬರುತ್ತೀರೋ ಅದು ನಿಮಗೆ ಬಿಟ್ಟದ್ದು. ನಾಲ್ಕೂವರೆಗೆ ಎಬ್ಬಿಸಿ ಎಂದು ಇಬ್ಬರೂ ಹೇಳಿ ಮಲಗಿದರು.

ವಿಲ್ಫ್ ಕಣ್ಣು ಬಿಟ್ಟಾಗ ಬೀರುವಿನ ಮೇಲೆ ಬಿಸಿಲು ಬಿದ್ದಿತ್ತು.

"ಗಾಬರಿ ಬೇಡ," ಎಂದಳು ಎಫೀ, ಗಂಜಿಯ ಬಟ್ಟಲು ಹಿಡಿದು. "ಸಿರಿಲ್ ನಡೆದು ಹೋದ. ನಿನ್ನ ಕಾಲು ಹೊದಿಕೆಯಿಂದ ಆಚೆ ಬಂದಿತ್ತು ನೋಡು, ಬಟ್ಟೆಯೆಲ್ಲ ರಕ್ತ. ನ್ಯಾನ್ ಮೈದುನನ ಹಾಲಿನ ಲಾರಿ ಏಳಕ್ಕೆ ಅದೇ ದಾರೀಲಿ ಹೋಗುತ್ತೆ. ಒಂಬತ್ತಕ್ಕೆಲ್ಲ ಇಳಿಸ್ತಾನೆ. ಒಂದೆರಡು ಗಂಟೆ ಮಲಗಿದ್ರೆ ಯಾರ ಗಂಟು ಹೋಗುತ್ತೆ."

ಬೇಸಿಗೆಯ ಅತಿಥಿಗಳಿಗೆ ಹಾಗೆ ಹೇಳಿ ಹೇಳಿ ಅಭ್ಯಾಸವಾದವಳು. ಏಳಾಯಿತು. ಏಳೂ ಇಪ್ಪತ್ತಾಯಿತು. ಲಾರಿ ಬರಲಿಲ್ಲ. ರಸ್ತೆಯ ತಿರುವಿಗೆ ಹೋಗಿ ನೋಡಿ ಬಂದ ಎಫೀಯ ಮುಖದ ಬಣ್ಣ ಬದಲಾಗಿತ್ತು. ವಿಲ್ಫ್ ನಕ್ಕು, "ಪರವಾಗಿಲ್ಲ ಮಿಸೆಸ್ ಲಮೊಂಟ್, ಸಾರ್ಜೆಂಟ್ ಒಳ್ಳೇ ಮನುಷ್ಯ," ಎಂದು ಓಡಿದ. ನಾಲ್ಕು ಮೈಲಿ ಓಡಿದ, ಕಲ್ಲಿದ್ದಲ ಗಾಡಿಯವನು ಸ್ವಲ್ಪ ದೂರ ಹತ್ತಿಸಿಕೊಂಡ, ಮತ್ತೆ ಓಡಿದ.

ದಕ್ಕೆಯ ತುದಿಯಲ್ಲಿ ಗೆಡ್ಡಿಸ್ ಒಬ್ಬನೇ ಗಡಿಯಾರ ನೋಡುತ್ತ ನಿಂತಿದ್ದ. ದೋಣಿಗಳು ಆಗಲೇ ನೀರಿನ ಮಧ್ಯದಲ್ಲಿದ್ದವು.

"ಇಪ್ಪತ್ತು ನಿಮಿಷ. ಕಾರಣ?"

"ನಿದ್ದೆ ಹತ್ತಿಬಿಡ್ತು ಸಾರ್ಜೆಂಟ್."

ಬೈಗುಳವಿಲ್ಲ, ವಿಚಾರಣೆಯಿಲ್ಲ. ಕಮಾಂಡೊಗಳಲ್ಲಿ ಶಿಕ್ಷೆ ಒಂದೇ: ಬಂದ ಪಲ್ಟಣಕ್ಕೆ ವಾಪಸ್. ಮೂರು ಗಂಟೆಯ ರೈಲಿನ ಚೀಟಿ ಕೊಟ್ಟರು. ವಿಲ್ಫ್ ಮನೆಗೆ ಬಂದಾಗ ಎಫೀ ಮೀನಿನ ಸಾಲಿನಲ್ಲಿ ನಿಲ್ಲಲು ಹೋಗಿದ್ದಳು. ಬದುಕಿಕೊಂಡೆ ಅನ್ನಿಸಿತು. ಚೀಲ ಕಟ್ಟಿ, ಸಕ್ಕರೆ ಡಬ್ಬಿಯ ಕೆಳಗೆ ಒಂದು ಚೀಟಿ ಇಟ್ಟ: 'ದಿಢೀರ್ ಆಜ್ಞೆ ಬಂದಿದೆ. ವಿಶೇಷ ಕೆಲಸ. ಹೇಳುವಂತಿಲ್ಲ. ನಾನು ಸಮಯಕ್ಕೆ ಸರಿಯಾಗಿಯೇ ತಲುಪಿದೆ.'

ಆಮೇಲೆ ಅವನು ಇಟಲಿಯಲ್ಲಿ ಎರಡು ವರ್ಷ ಹೇಸರಗತ್ತೆ ಹೊಡೆದ. ಏಪ್ರಿಲ್‌ನ ದಾಳಿಯಲ್ಲಿ ಸಿರಿಲ್ ಸತ್ತ ಸುದ್ದಿ ಅವನಿಗೆ ಪತ್ರಿಕೆಯ ಪಟ್ಟಿಯಲ್ಲಿ ಸಿಕ್ಕಿತು. ಯುದ್ಧ ಮುಗಿದು ಮೊದಲ ಬಾರಿ ಈ ಮನೆಗೆ ಬಂದಾಗ, ಹನ್ನೊಂದರ ಊನಾ ಕೇಳಿದಳು: ನೀವೂ ಸಿರಿಲ್ ಮಾಮನ ಜೊತೆ ದಾಳಿಗೆ ಹೋಗಿದ್ರಾ? ಎಫೀ ಚಹಾ ಬಗ್ಗಿಸುತ್ತಿದ್ದಳು. ಹೂಂ ಅಂದ. ಆ ಹೂಂ ಅರ್ಧ ಎಫೀಗಾಗಿ. ಉಳಿದರ್ಧ ಯಾರಿಗಾಗಿ ಎಂಬುದು ಅವನಿಗೂ ಗೊತ್ತಿತ್ತು. ವರ್ಷಕ್ಕೊಂದರಂತೆ ಅದಕ್ಕೆ ದೋಣಿ, ಮುಳ್ಳುತಂತಿ, ಸಿರಿಲ್‌ನ ಕೊನೆಯ ನಗೆಮಾತು ಸೇರಿಕೊಂಡವು. ಎಫೀ ಪ್ರತಿಸಲವೂ ಕೇಳಿ, "ಇನ್ನೊಂದು ಸ್ಕೋನ್ ಬನ್ ತಗೋ," ಅನ್ನುತ್ತಿದ್ದಳು.

❖

ಎರಡು ಗಂಟೆಗೆ ಮುಂಕೋಣೆ ತುಂಬಿತು. ಕೂತವರಿಗಿಂತ ನಿಂತವರೇ ಹೆಚ್ಚು. ಶಾಲೆಯ ಅಡುಗೆಮನೆಯಲ್ಲಿ ಎಫೀ ಜೊತೆ ಇಪ್ಪತ್ತು ವರ್ಷ ಆಲೂಗಡ್ಡೆ ಸುಲಿದ ಹೆಂಗಸರು, ಅವಳ ಗಂಜಿಯುಂಡು ದೊಡ್ಡವರಾಗಿ ಈಗ ಬಕ್ಕತಲೆಯಾದ ದೋಣಿಯವರು. ಒಬ್ಬಳು ಪಿಸುಗುಟ್ಟಿದಳು, "ಪೈ ಬಟ್ಟಲು ಯಾರಿಗೂ ಕೊಡ್ತಿರಲಿಲ್ಲ ಪುಣ್ಯಾತ್ಗಿತ್ತಿ." ಇನ್ನೊಬ್ಬಳು, "ಬಟ್ಟಲು ಕೊಡ್ತಿರಲಿಲ್ಲ, ಪೈ ಕೊಡ್ತಿದ್ಲು," ಎಂದಳು.

ಪಾದ್ರಿ ಓದತೊಡಗಿದ. ಎಫೀಯ ತಂದೆ ತಾಯಿ, ಗಂಡ, ಶಾಲೆ, ಹೆಣೆದು ಹಂಚಿದ ಕೈಗವಸುಗಳು. ವಿಲ್ಫ್ ಪೆಟ್ಟಿಗೆಯ ತಲೆಕಡೆ ನಿಂತು ನೆಲ ನೋಡುತ್ತಿದ್ದ.

"ಈ ಕೋಣೆಯಲ್ಲೇ ಮಲಗಿದ್ದ ಇಬ್ಬರು ತರುಣರು, ಸಿರಿಲ್ ಓಕ್ಸ್ ಮತ್ತು ವಿಲ್ಫ್ರೆಡ್ ಟ್ರಾಂಟರ್, ಆ ಏಪ್ರಿಲ್ ತಿಂಗಳಿನಲ್ಲಿ ಭುಜಕ್ಕೆ ಭುಜ ಕೊಟ್ಟು ಶತ್ರುವಿನ ತೀರದಲ್ಲಿ ಇಳಿದರು. ಒಬ್ಬರು ಮರಳಲಿಲ್ಲ..."

"ಇಲ್ಲ," ಎಂದ ವಿಲ್ಫ್.

ಪಾದ್ರಿ ಕಾಗದದಿಂದ ತಲೆಯೆತ್ತಿದ.

"ಕ್ಷಮಿಸಿ ಪಾದ್ರಿಗಳೇ. ಭುಜ ಕೊಟ್ಟಿಲ್ಲ. ಸಿರಿಲ್ ಒಬ್ಬನೇ ಇಳಿದಿದ್ದು. ನಾನು ಅಲ್ಲಿರಲಿಲ್ಲ." ಅವನು ಪೆಟ್ಟಿಗೆಯ ಅಂಚಿಗೆ ಕೈ ಇಟ್ಟ. "ಅದಕ್ಕೆ ಐದು ವಾರ ಮುಂಚೆಯೇ ನನ್ನನ್ನ ವಾಪಸ್ ಕಳಿಸಿದ್ರು. ಹಾಜರಿಗೆ ತಡವಾಗಿ ಹೋದೆ. ಮಲಗಿಬಿಟ್ಟಿದ್ದೆ. ತಪ್ಪು ನಂದೇ, ಬೇರೆ ಯಾರದೂ ಅಲ್ಲ. ಊನಾ, ನಿನಗೆ ಹೇಳಿದ ಕತೆಯೆಲ್ಲ... ಅವೆಲ್ಲ ಕೇಳಿದ್ದು. ಹಗ್ಗ ಬೇರೆಯವರಿಗೆ ಕೊಡಮ್ಮ."

ನ್ಯಾನ್ ಪರ್ಡಿಯ ಕೋಲು ಎರಡು ಸಲ ನೆಲಕ್ಕೆ ಕುಟ್ಟಿತು.

"ಗೊತ್ತು ಕಣೋ. ಈ ಬೀದಿಗೆಲ್ಲ ಗೊತ್ತು. ಮಲಗಿಬಿಟ್ಟೆ ಅಂತೆ. ಅವಳು ಮಲಗೋಕೆ ಬಿಟ್ಟಳು, ನೀನು ಮಲಗಿದೆ."

ವಿಲ್ಫ್ ಅವಳ ಕಡೆ ತಿರುಗಿದ.

"ನಾನೇ ಹೇಳಬೇಕಾಗಿದ್ದು," ಎಂದ ಗೆಡ್ಡಿಸ್ ಬಾಗಿಲ ಬಳಿಯಿಂದ. "ಒಬ್ಬ ವಾಪಸ್ ಹೋದ್ರೆ ಅವನ ಮನೆಯಾಕೆಗೆ ಅವತ್ತೇ ಹೇಳಬೇಕು, ಹಾಸಿಗೆ ಖಾಲಿ ಅಂತ. ಅದು ನನ್ನ ಕೆಲಸ. ನೀನು ಅದನ್ನ ಯೋಚಿಸಿರಲಿಲ್ಲ ಅಲ್ವಾ, ಟ್ರಾಂಟರ್? ನಾನು ಬಂದಾಗ ಈಕೆ ಒಂದು ಕೈಯಲ್ಲಿ ಮೀನು, ಒಂದು ಕೈಯಲ್ಲಿ ನಿನ್ನ ಚೀಟಿ ಹಿಡ್ಕೊಂಡು ನಿಂತಿದ್ರು. ವಿಷಯ ಕೇಳಿದವರೇ ಮೀನು ನನ್ನ ಕೈಗೆ ಕೊಟ್ಟು ನೇರ ಕ್ಯಾಪ್ಟನ್ ಹತ್ರ ನಡೆದ್ರು. ನಾನು ಹಿಂದೆ, ಮೀನು ಹಿಡ್ಕೊಂಡು."

ಯಾರೋ ನಗು ತಡೆದರು.

"'ತಪ್ಪು ನಂದು, ಹುಡುಗನ್ನ ವಾಪಸ್ ಕರೆಸಿ' ಅಂದ್ರು. ಕ್ಯಾಪ್ಟನ್ ಮರ್ಯಾದೆಯಿಂದಲೇ ಹೇಳಿದ್ರು, 'ತಾಯಿ, ಮನೆಯಾಕೆ ಎಬ್ಬಿಸದೆ ಏಳೋಕಾಗದವನನ್ನ ಆ ದಡದಲ್ಲಿ ಯಾರು ಎಬ್ಬಿಸ್ತಾರೆ?' ಈಕೆ ಏನಂದ್ರು ಗೊತ್ತಾ? 'ಹಾಗಾದ್ರೆ ನನ್ನನ್ನೂ ಕರ್ಕೊಂಡು ಹೋಗಿ.' ಕ್ಯಾಪ್ಟನ್ ನಗಲಿಲ್ಲ. ಆದ್ರೆ ಕರೆಸಲೂ ಇಲ್ಲ."

"ಅಲ್ಲಿಂದ ಸ್ಟೇಷನ್ನಿಗೆ ಓಡಿದ್ಲು," ಎಂದಳು ನ್ಯಾನ್. "ನೀನು ರೈಲೊಳಗೆ ಟೋಪಿ ಮುಖದ ಮೇಲೆ ಎಳ್ಕೊಂಡು ಕೂತಿದ್ದೆಯಂತೆ. ಪೇಪರ್ ಅಂಗಡಿ ಹಿಂದೆ ನಿಂತು ನೋಡಿ ಬಂದ್ಲು. ಮಾತಾಡಿಸೋಕೆ ಏನಾಗಿತ್ತೇ ಅಂದೆ. 'ನನಗೆ ಗೊತ್ತಾಗಬಾರದು ಅಂತ ಇಷ್ಟು ಕಷ್ಟಪಟ್ಟು ಚೀಟಿ ಬರೆದಿದಾನೆ ನ್ಯಾನ್, ನಾನ್ಯಾಕೆ ಕೆಡಿಸಲಿ' ಅಂದ್ಲು. ಆಮೇಲೆ ಬಾಯಿಬಿಟ್ಟೀರಿ ಜೋಕೆ ಅಂತ ಒಂದೊಂದು ಮನೆಗೂ ಹೋಗಿ ಹೇಳಿದ್ಲು. ನಮಗೆ ಗುಟ್ಟು ಇಟ್ಕೊಳ್ಳೋದು ಹೊಸದೇನಲ್ಲ. ನಿಮ್ಮ ದಾಳಿಗಳೆಲ್ಲ ನಮಗೆ ಮುಂಚೆಯೇ ಗೊತ್ತಾಗ್ತಿತ್ತು, ಒಗೆಯೋಕೆ ಹಾಕಿದ ಬಟ್ಟೆ ಒಣಗದಿದ್ರೂ ಕೊಡಿ ಅಂತ ಬರ್ತಿದ್ರಲ್ಲ."

ವಿಲ್ಫ್ ಪೆಟ್ಟಿಗೆಯ ಅಂಚು ಹಿಡಿದುಕೊಂಡಿದ್ದ. "ಸಿರಿಲ್ ಸತ್ತಾಗ..." ಎಂದ.

"ಬಾಡಿಗೆ ಮನೆಗೆ ತಂತಿ ಬರಲ್ಲ," ಎಂದ ಗೆಡ್ಡಿಸ್. "ಸಾಮಾನು ತಗೊಳ್ಳೋಕೆ ನಾನು ಬಂದೆ. ಅದೇ ಸುದ್ದಿ. ಎರಡು ಗಂಟೆ ಕೂರಿಸಿದ್ರು. ಅವನ ಅಂಗಿಗಳಿಗೆಲ್ಲ ಇಸ್ತ್ರಿ ಹಾಕಿ, ಗುಂಡಿ ಹೊಲಿದು, ಆಮೇಲೆ ಕೊಟ್ರು. ಅವನ ತಾಯಿ ನೋಡ್ತಾಳೆ ಅಂತ."

ಊನಾ ಇಷ್ಟು ಹೊತ್ತು ಕೈಕಟ್ಟಿ ನಿಂತಿದ್ದವಳು ಅವನ ಹತ್ತಿರ ಬಂದಳು. ಟಿಕೆಟ್ ಕಿಂಡಿಯ ಧ್ವನಿ ಈಗ ಅವಳಲ್ಲಿರಲಿಲ್ಲ.

"ನನಗೆ ಹೋದ ತಿಂಗಳಷ್ಟೇ ಹೇಳಿದ್ಲು, ವಿಲ್ಫ್ ಮಾಮ. ಪಟ್ಟಿ ಬರೆಸೋವಾಗ. 'ಇಬ್ಬರು ಹುಡುಗರಿದ್ರು. ಒಬ್ಬನ್ನ ಎಬ್ಬಿಸಿದೆ, ಒಬ್ಬನ್ನ ಎಬ್ಬಿಸಲಿಲ್ಲ. ಎರಡರಲ್ಲಿ ಯಾವುದು ತಪ್ಪು ಅಂತ ನನಗೆ ಇವತ್ತಿಗೂ ಗೊತ್ತಾಗಿಲ್ಲ' ಅಂದ್ಲು. ಆಮೇಲೆ, 'ಒಂದನೇದು ವಿಲ್ಫ್‌ಗೆ' ಅಂದ್ಲು. ನನಗೆ ಬೇಜಾರಾಯ್ತು, ಸುಳ್ಳು ಯಾಕೆ ಹೇಳಲಿ. ಎರಡು ದಿನ ಮಾತು ಬಿಟ್ಟಿದ್ದೆ. ಆಮೇಲೆ ಬೇಜಾರು ಹೋಯ್ತು."

ಪಾದ್ರಿ ಜೇಬಿನಿಂದ ಪೆನ್ನು ತೆಗೆದು ಕಾಗದದ ಮೇಲೆ ಒಂದು ಗೆರೆ ಎಳೆದ. ಆಮೇಲೆ ಕಾಗದ ಮಡಿಚಿಟ್ಟು, "ಪ್ರಾರ್ಥಿಸೋಣ," ಎಂದ.

❖

ಸ್ಮಶಾನ ಗುಡ್ಡದ ಮೇಲೆ, ಸಮುದ್ರಕ್ಕೆ ಎದುರಾಗಿ. ಹೆಂಗಸರೂ ಬಂದಿದ್ದರು, ನ್ಯಾನ್‌ಳನ್ನು ದೋಣಿಯವರಿಬ್ಬರು ಕುರ್ಚಿಯ ಸಮೇತ ಹೊತ್ತು ತಂದಿದ್ದರು. ಎಂಬತ್ತಾರು ವರ್ಷಕ್ಕೆ ಮೊದಲ ಬಾರಿ ಒಂದು ಗುಂಡಿ ನೋಡುತ್ತಿದ್ದೇನೆ, ಇಷ್ಟು ಆಳ ಇರುತ್ತೆ ಅಂತ ಗೊತ್ತಿರಲಿಲ್ಲ, ಎಂದಳು.

ಬ್ಲೇನ್ ಪಟ್ಟಿ ಹಿಡಿದು ಒಬ್ಬೊಬ್ಬರನ್ನೇ ಕರೆದ. ಒಂದು, ವಿಲ್ಫ್ರೆಡ್ ಟ್ರಾಂಟರ್. ಎರಡು, ಊನಾ ಲಮೊಂಟ್. ಮೂರು, ಥಾಮಸ್ ಗೆಡ್ಡಿಸ್. ಎಂಟರವರೆಗೆ. ವಿಲ್ಫ್ ತಲೆಕಡೆ ಹೋಗಿ ನಿಂತ. ಅವನ ಬಲಗೈಗೆ ಹತ್ತಿರದಲ್ಲಿ ಗೆಡ್ಡಿಸ್. ಎದುರು, ಪಾದದ ಕಡೆ, ಕಪ್ಪು ಕೋಟಿನ ಊನಾ. ಹಗ್ಗ ಅಂದುಕೊಂಡದ್ದಕ್ಕಿಂತ ಮೆತ್ತಗಿತ್ತು. ಗುಂಡಿಯ ಮೇಲೆ ಪೆಟ್ಟಿಗೆಗೆ ಆಸರೆಯಾಗಿದ್ದ ಹಲಗೆಗಳನ್ನು ಸರಿಸಿದಾಗ ಒಮ್ಮೆಲೇ ಭಾರ ಕೈಗೆ ಬಂತು. ಸಣ್ಣ ಹೆಂಗಸು, ಇಷ್ಟು ಭಾರ ಇದ್ದಳೇ ಅನ್ನಿಸಿತು.

"ನಿಧಾನ," ಎಂದ ಗೆಡ್ಡಿಸ್ ತುಟಿ ಅಲುಗಿಸದೆ. "ನಿನ್ನ ಕಡೆ ಸ್ವಲ್ಪ ಬಿಡು. ಹಾಂ. ಇನ್ನೂ ಸ್ವಲ್ಪ."

ಹಗ್ಗ ಅಂಗೈಯಲ್ಲಿ ಜಾರುತ್ತ ಹೋಯಿತು. ಪೆಟ್ಟಿಗೆ ಓರೆಯಾಗದೆ, ಎಲ್ಲೂ ತಾಕದೆ ಇಳಿಯಿತು. ಕೆಳಗಿನಿಂದ ಒಂದು ಸಣ್ಣ ಸದ್ದು ಬಂತು, ಭಾರ ಹೋಯಿತು.

ಬ್ಲೇನ್ ತಲೆಯಾಡಿಸಿದ. ಇಲ್ಲಿ ಹಗ್ಗವನ್ನು ಪೆಟ್ಟಿಗೆಯ ಮೇಲೆ ಬಿಟ್ಟುಬಿಡಬೇಕು. ಎಂಟನೆಯವನು ಬಿಟ್ಟ, ಏಳನೆಯವನು ಬಿಟ್ಟ. ಮರದ ಮೇಲೆ ಒಂದೊಂದೇ ಮೆಲ್ಲಗೆ ಬಿದ್ದ ಸದ್ದು. ಗೆಡ್ಡಿಸ್ ಬಿಟ್ಟ. ವಿಲ್ಫ್‌ನ ಕೈ ತೆರೆಯಲಿಲ್ಲ. ತೆರೆಯಬೇಕೆಂದು ಅವನಿಗೆ ಗೊತ್ತಿತ್ತು; ಬೆರಳುಗಳಿಗೆ ಗೊತ್ತಿದ್ದಂತಿರಲಿಲ್ಲ. ಎದುರಿಗೆ ಊನಾ ಅವನ ಮುಖ ನೋಡಿ ತನ್ನ ಹಗ್ಗವನ್ನೂ ಬಿಡದೆ ಹಿಡಿದು ನಿಂತಳು.

ಬ್ಲೇನ್‌ಗೆ ನಾಲ್ಕು ಗಂಟೆಗೆ ಇನ್ನೊಂದು ಮನೆಯ ಕೆಲಸವಿತ್ತು. ಅವನು ಮೆಲ್ಲಗೆ ಕೆಮ್ಮಿದ, ತೋಳು ಸರಿಸಿ ಗಡಿಯಾರ ನೋಡಿದ, ಮುಂದೆ ಒಂದು ಹೆಜ್ಜೆ ಇಟ್ಟ.

ಗೆಡ್ಡಿಸ್ ಪಕ್ಕಕ್ಕೆ ಸರಿದು, ಬ್ಲೇನ್‌ಗೂ ವಿಲ್ಫ್‌ಗೂ ನಡುವೆ ನಿಂತ. ಹಿಮ್ಮಡಿ ಜೋಡಿಸಿ, ಎರಡೂ ಕೈ ಬೆನ್ನ ಹಿಂದೆ ಕಟ್ಟಿ, ಸಮುದ್ರದ ಕಡೆ ಮುಖ ಮಾಡಿದ. ಕೆಳಗೆ ದಕ್ಕೆಯಿಂದ ಮೂರೂವರೆಯ ದೋಣಿ ಕೂಗು ಹಾಕಿ ಹೊರಟಿತು. ಅದು ದಡ ಬಿಟ್ಟು, ಬೆಳಕಿನ ಗೋಪುರ ದಾಟಿ, ದ್ವೀಪದ ಕಡೆ ತಿರುಗಿ ಬಟ್ಟಲಿನಷ್ಟಾಗುವವರೆಗೂ ಆ ಮುದುಕ ಅಲ್ಲಿಂದ ಕದಲಲಿಲ್ಲ.